ಚಿತ್ರ ನೋಡಿ ಮಾತು, ಚಿತ್ರ ನೋಡಿ ಬರಹ: ತಪ್ಪು ಕಲ್ಪನೆ ಮತ್ತು ಸತ್ಯ

ಚಿತ್ರ ತೋರಿಸಿದರೆ ಸಾಕು, ಮಕ್ಕಳು ತಾವಾಗಿಯೇ ಮಾತನಾಡುತ್ತಾರೆ ಎಂಬುದು ಪ್ರಾಥಮಿಕ ಶಾಲೆಗಳಲ್ಲಿ ಆಳವಾಗಿ ಬೇರೂರಿರುವ ನಂಬಿಕೆ. ತಾವಾಗಿ ಬರುವುದು ಹೆಸರುಗಳಷ್ಟೇ. ಹುಣಸೆಹಣ್ಣಿನ ಬುಟ್ಟಿ ಹೊತ್ತ ಅಜ್ಜಿಯ ಚಿತ್ರವನ್ನು ಎರಡನೇ ತರಗತಿಯ ಮುಂದಿಟ್ಟರೆ ‘ಅಜ್ಜಿ’, ‘ಬುಟ್ಟಿ’, ‘ಮರ’, ‘ನಾಯಿ’ ಎಂದು ಪದಗಳು ಉದುರಿ ಅಲ್ಲಿಗೇ ನಿಲ್ಲುತ್ತವೆ. ‘ಇದೇನು?’ ಎಂದು ಎಷ್ಟು ಸಲ ಕೇಳಿದರೂ ಉತ್ತರ ಒಂದೇ ಪದದ್ದು. ‘ಅಜ್ಜಿ ಎಲ್ಲಿಗೆ ಹೊರಟಿದ್ದಾಳೆ?’ ಎಂದಾಗ ‘ಸಂತೆಗೆ’ ಬರುತ್ತದೆ. ‘ಹಣ್ಣು ಎಲ್ಲಿಂದ ತಂದಳು?’ ಎಂದಾಗ ‘ಮರದಿಂದ’. ‘ಮಾರಿದ ದುಡ್ಡಲ್ಲಿ ಏನು ಮಾಡುತ್ತಾಳೆ?’ ಎಂದಾಗ ಮೊಮ್ಮಗನಿಗೆ ಚಪ್ಪಲಿಯೋ ಮನೆಗೆ ಬೇಳೆಯೋ ಬಂದು, ವಾಕ್ಯ ಬೆಳೆಯುತ್ತದೆ. ಮನೆಯಲ್ಲಿ ಸರಾಗವಾಗಿ ಆಡುವ ವಿಭಕ್ತಿ ಪ್ರತ್ಯಯಗಳು ತರಗತಿಯಲ್ಲಿ ಮಾಯವಾಗುವುದಕ್ಕೆ ಬಹಳ ಸಲ ಕಾರಣ ಕೇಳಿದ ಪ್ರಶ್ನೆ. ಪ್ರಶ್ನೆ ಕೇಳಿದ ಮೇಲೆ ಕಾಯುವುದೂ ಅಷ್ಟೇ ಮುಖ್ಯ. ಮಗು ಬಾಯಿ ತೆರೆಯುವಷ್ಟರಲ್ಲಿ ಶಿಕ್ಷಕರೇ ಉತ್ತರ ಹೇಳಿಬಿಟ್ಟರೆ ಎಂಥ ಚಿತ್ರವೂ ವ್ಯರ್ಥ.

ಬರೀ ಹೆಸರು ಹೇಳುವ ಮಗು ಮಂದ ಎಂದು ಎಣಿಸುವುದೂ ತಪ್ಪು. ಕಳೆದುಹೋದ ಕಪ್ಪೆಯನ್ನು ಹುಡುಕಿ ಹೊರಡುವ ಹುಡುಗನ ಕಥೆಯನ್ನು ಮರ್ಸರ್ ಮೇಯರ್ 1969ರಲ್ಲಿ ಒಂದೂ ಪದವಿಲ್ಲದೆ ಬರೀ ಚಿತ್ರಗಳಲ್ಲಿ ಹೇಳಿದರು. ಅದೇ ಪುಸ್ತಕವನ್ನು ಇಂಗ್ಲಿಷ್, ಜರ್ಮನ್, ಸ್ಪ್ಯಾನಿಷ್, ಹೀಬ್ರೂ, ಟರ್ಕಿಷ್ ಮಾತನಾಡುವ ಮಕ್ಕಳಿಗೆ ಕೊಟ್ಟು ಕಥೆ ಹೇಳಿಸಿದ ರೂತ್ ಬರ್ಮನ್ ಮತ್ತು ಡಾನ್ ಸ್ಲೋಬಿನ್ ಅವರ ಅಧ್ಯಯನ 1994ರಲ್ಲಿ ಪ್ರಕಟವಾಯಿತು. ಮೂರು ವರ್ಷದ ಮಕ್ಕಳು ಒಂದೊಂದು ಚಿತ್ರವನ್ನೂ ಬಿಡಿಬಿಡಿಯಾಗಿ ವರ್ಣಿಸಿದರೆ, ಒಂಬತ್ತರ ಹೊತ್ತಿಗೆ ಅವನ್ನು ಕಥೆಯಾಗಿ ಪೋಣಿಸುತ್ತಾರೆ. ನಡುವಿನ ವರ್ಷಗಳು ಕಲಿಕೆಯವು, ದಡ್ಡತನದವಲ್ಲ. ಕನ್ನಡದಲ್ಲಿ ಈ ಪೋಣಿಸುವ ಕೆಲಸವನ್ನು ಬಹುಮಟ್ಟಿಗೆ ‘ಎದ್ದು, ನೋಡಿ, ಹತ್ತಿ, ಬಿದ್ದು’ ಎಂಬಂಥ ಕ್ರಿಯಾರೂಪಗಳು ಮಾಡುತ್ತವೆ. ಅದಕ್ಕೇ ಒಂಟಿ ಚಿತ್ರಕ್ಕಿಂತ ಮೂರು ನಾಲ್ಕು ಚಿತ್ರಗಳ ಸರಣಿ ಕಥನಕ್ಕೆ ಹೆಚ್ಚು ಒದಗುತ್ತದೆ. ಸರಣಿಯನ್ನು ಕಲಸಿ ಕೊಟ್ಟು ಮಕ್ಕಳಿಂದಲೇ ಜೋಡಿಸಿದರೆ ಇನ್ನೂ ಒಳ್ಳೆಯದು: ಯಾವುದು ಮೊದಲು ಎಂಬ ಜಗಳದಲ್ಲೇ ಅರ್ಧ ಮಾತುಗಾರಿಕೆ ಇದೆ.

ದೊಡ್ಡ, ಬಣ್ಣದ, ಗಿಜಿಗುಡುವ ಚಾರ್ಟ್ ಬೇಕೇಬೇಕು ಎಂಬ ನಂಬಿಕೆಗೆ ಹೆಚ್ಚು ಹೇಳಬೇಕಿಲ್ಲ. ಹಳೆಯ ಕ್ಯಾಲೆಂಡರು, ಪತ್ರಿಕೆಯ ಫೋಟೊ, ಕಪ್ಪುಹಲಗೆಯ ಮೇಲಿನ ಗೆರೆಚಿತ್ರ ಎಲ್ಲವೂ ನಡೆಯುತ್ತವೆ. ಆದರೆ ಚಿತ್ರ ಎಲ್ಲರಿಗೂ ಒಂದೇ ರೀತಿ ಅರ್ಥವಾಗುತ್ತದೆ ಎಂದುಕೊಳ್ಳಬಾರದು. ದೂರದಲ್ಲಿ ಚಿಕ್ಕದಾಗಿ ಬರೆದ ಹಸುವನ್ನು ಮಗು ‘ಕರು’ ಎಂದರೆ ಅದು ತಪ್ಪು ಉತ್ತರವಲ್ಲ. ಚಿತ್ರ ಓದುವುದೂ ಒಂದು ಕಲಿಕೆ. ಮಧುಗಿರಿಯ ಏಕಶಿಲಾ ಬೆಟ್ಟವನ್ನು ದಿನವೂ ಕಾಣುವ ಮಗುವಿಗೆ ಆ ಬೆಟ್ಟದ ಚಿತ್ರ ಕೊಡುವಷ್ಟು ಮಾತನ್ನು ಹಿಮದ ಮನೆಯ ಚಿತ್ರ ಮೊದಲಿಗೆ ಕೊಡಲಾರದು.

ಎಲ್ಲಕ್ಕಿಂತ ಹಾನಿ ಮಾಡುವುದು, ಚಿತ್ರ ನೋಡಿ ಮೊದಲ ಮಾತೇ ಶುದ್ಧ ಪಠ್ಯಪುಸ್ತಕದ ಕನ್ನಡದಲ್ಲಿ ಬರಬೇಕೆಂಬ ಹಟ. ಮಧುಗಿರಿ, ಶಿರಾ, ಕೊರಟಗೆರೆ, ಪಾವಗಡ ತಾಲ್ಲೂಕುಗಳು ಸೇರಿದ ಮಧುಗಿರಿ ಶೈಕ್ಷಣಿಕ ಜಿಲ್ಲೆಗೆ ಈ ಮಾತು ವಿಶೇಷವಾಗಿ ಅನ್ವಯಿಸುತ್ತದೆ. ಪಾವಗಡದ ಸುತ್ತ ಬಹುಪಾಲು ಆಂಧ್ರದ ಗಡಿ. ಅಲ್ಲಿನ ಅನೇಕ ಮನೆಗಳ ಮಾತು ತೆಲುಗು. ಶಿರಾ ಪಟ್ಟಣದಲ್ಲಿ ಉರ್ದು ಮನೆಮಾತಿನ ಮಕ್ಕಳಿದ್ದಾರೆ. ಮಧುಗಿರಿ ತಾಲ್ಲೂಕಿನ ಪುರವರ ಹೋಬಳಿಯಂಥ ಕಡೆ ಕನ್ನಡವೇ ಮನೆಮಾತಾದರೂ ಅದು ‘ಐತೆ’, ‘ಹೋಗ್ತಾವ್ಳೆ’ ಎನ್ನುವ ಕನ್ನಡ. ಬುಟ್ಟಿಯಲ್ಲಿರುವುದನ್ನು ಒಂದು ಮಗು ‘ಚಿಂತಪಂಡು’ ಎನ್ನುತ್ತದೆ, ಇನ್ನೊಂದು ‘ಇಮ್ಲಿ’ ಎನ್ನುತ್ತದೆ, ಮತ್ತೊಂದು ‘ಉಣ್ಸೆಣ್ಣು’ ಎನ್ನುತ್ತದೆ. ಮೂವರೂ ನೋಡುತ್ತಿರುವುದು ಒಂದನ್ನೇ; ಅದು ಚಿತ್ರದ ದೊಡ್ಡ ಉಪಕಾರ. ಮೂರು ಪದಗಳನ್ನೂ ಒಪ್ಪಿಕೊಂಡು, ಪಕ್ಕದಲ್ಲಿ ‘ಹುಣಸೆಹಣ್ಣು’ ಎಂದು ಬರೆದಾಗ ಮಗುವಿಗೆ ಹೊಸ ಪದ ದಕ್ಕುತ್ತದೆ, ಹಳೆಯದು ಕಳೆಯುವುದಿಲ್ಲ. ಬಾಯಿಬಿಟ್ಟ ಕೂಡಲೇ ತಿದ್ದಿಸಿಕೊಂಡ ಮಗು ಮರುದಿನ ಬಾಯಿಬಿಡುವುದೇ ಕಷ್ಟ.

ಚಿತ್ರ ಚಿಕ್ಕ ತರಗತಿಗಳಿಗಷ್ಟೇ ಎಂಬ ಭಾವನೆಗೆ ನಲಿ-ಕಲಿಯ ನೆನಪೂ ಕಾರಣವಿರಬಹುದು. 1995ರಲ್ಲಿ ಹೆಗ್ಗಡದೇವನಕೋಟೆ ತಾಲ್ಲೂಕಿನಲ್ಲಿ ಆರಂಭವಾಗಿ, 2009-10ರಲ್ಲಿ ರಾಜ್ಯದ ಸರ್ಕಾರಿ ಕನ್ನಡ ಶಾಲೆಗಳಿಗೆ ಹಬ್ಬಿದ, ಚಟುವಟಿಕೆಯ ಕಾರ್ಡುಗಳಿಂದ ಕಲಿಸುವ ನಲಿ-ಕಲಿ ಪದ್ಧತಿ ಮೊದಲ ತರಗತಿಗಳದ್ದು. ಅದರ ಕಾರ್ಡುಗಳ ಮೇಲಿನ ಲೋಗೊ ಮಗು ಮಾಡಬೇಕಾದ ಚಟುವಟಿಕೆಯ ಗುರುತು. ವರ್ಣನೆಗೆ ಕೊಡುವ ಚಿತ್ರದ ಕೆಲಸವೇ ಬೇರೆ, ಅದಕ್ಕೆ ವಯಸ್ಸಿನ ಮಿತಿಯಿಲ್ಲ. ಪಾವಗಡ ತಾಲ್ಲೂಕಿನ ತಿರುಮಣಿಯ ಸುತ್ತ, ರೈತರಿಂದ ಗುತ್ತಿಗೆಗೆ ಪಡೆದ ಸುಮಾರು 13,000 ಎಕರೆಯಲ್ಲಿ 2,050 ಮೆಗಾವಾಟ್ ಸಾಮರ್ಥ್ಯದ ಸೌರ ಉದ್ಯಾನವಿದೆ. ಅದರ ಒಂದು ಫೋಟೊ ಏಳನೇ ತರಗತಿಗೆ ಪೂರ್ತಿ ಪ್ರಬಂಧವಾಗಬಲ್ಲದು: ಫಲಕಗಳಿಗೆ ಮೊದಲು ಇಲ್ಲಿ ಏನು ಬೆಳೆಯುತ್ತಿತ್ತು, ದನಕುರಿ ಈಗ ಎಲ್ಲಿ ಮೇಯುತ್ತವೆ, ಚೌಕಟ್ಟಿನ ಆಚೆ ಏನಿದೆ. ಚಿತ್ರ ಕಲ್ಪನೆಯನ್ನು ಕಟ್ಟಿಹಾಕುತ್ತದೆ ಎನ್ನುವವರು ಈ ಕೊನೆಯ ಪ್ರಶ್ನೆ ಕೇಳಿ ನೋಡಬೇಕು.

ಬರಹದ ವಿಷಯಕ್ಕೆ ಬಂದರೆ, ಹಲಗೆಯ ಮೇಲಿನ ಐದು ವಾಕ್ಯಗಳನ್ನು ನಕಲು ಮಾಡಿಸುವುದೇ ಚಿತ್ರಬರಹ ಎಂದಾಗಿದೆ. ಅದು ಕೈಬರಹದ ಅಭ್ಯಾಸ, ಅಷ್ಟೇ. ಮೊದಲು ಮಾತು, ಆಮೇಲೆ ಮಕ್ಕಳೇ ಹೇಳಿದ ಪದಗಳು ಹಲಗೆಯ ಮೇಲೆ, ನಂತರ ಅವರವರದೇ ವಾಕ್ಯ: ಈ ಕ್ರಮದಲ್ಲಿ ನಡೆದಾಗ ನಲವತ್ತು ನೋಟ್‌ಬುಕ್ಕುಗಳಲ್ಲಿ ನಲವತ್ತು ಅಜ್ಜಿಯರು ಸಂತೆಗೆ ಹೊರಡುತ್ತಾರೆ. ಒತ್ತಕ್ಷರ, ಕಾಗುಣಿತದ ತಪ್ಪುಗಳನ್ನು ಎರಡನೇ ಸುತ್ತಿನಲ್ಲಿ ತಿದ್ದಿದರಾಯಿತು.

ಚಿತ್ರ ಓದಿಗೆ ಅಡ್ಡಿ ಎಂಬ ಒಂದು ಆಕ್ಷೇಪ ಮಾತ್ರ ಅರ್ಧ ನಿಜ. ಅಕ್ಷರ ಓದಲು ಕಲಿಯುವಾಗ ಪದದ ಪಕ್ಕದ ಚಿತ್ರ ಊಹೆಗೆ ದಾರಿ ಮಾಡುತ್ತದೆ: ‘ಬಸವ’ ಎಂದು ಬರೆದಿದ್ದರೂ ಎತ್ತಿನ ಚಿತ್ರ ಕಂಡ ಮಗು ‘ಎತ್ತು’ ಎಂದೇ ಓದುತ್ತದೆ. ಮಗು ಅಕ್ಷರ ನೋಡಿ ಓದುತ್ತಿದೆಯೇ ಎಂದು ತಿಳಿಯಬೇಕಾದರೆ ಆಗ ಚಿತ್ರವನ್ನು ಅಂಗೈಯಿಂದ ಮುಚ್ಚಬೇಕು.