ಕಾಂತಿಯೂ ಕಳೆ, ಕಸವೂ ಕಳೆ: ತುರಾಯಿ ಹುಲ್ಲುಗಳ ವಿಚಾರ

ಕನ್ನಡದ ‘ಕಳೆ’ ಎಂಬ ಪದಕ್ಕೆ ಎರಡು ಅರ್ಥಗಳಿವೆ. ಹೊಲದಿಂದ ಕಿತ್ತೆಸೆಯುವ ಗಿಡ ಕಳೆ. ಮುಖದ ಕಾಂತಿಯೂ ಕಳೆ. ಮೊದಲನೆಯದು ದ್ರಾವಿಡ ಮೂಲದ್ದು, ಎರಡನೆಯದು ಸಂಸ್ಕೃತದ ‘ಕಲಾ’ ಶಬ್ದದ ತದ್ಭವ. ಎತ್ತರದ ತುರಾಯಿ ಹುಲ್ಲುಗಳಲ್ಲಿ ಈ ಎರಡೂ ಅರ್ಥಗಳು ಕೂಡಿಕೊಳ್ಳುತ್ತವೆ.

ಹೊಸದುರ್ಗ ತಾಲ್ಲೂಕಿನ ಬಾಗೂರಿನಂತಹ ಬಯಲುಸೀಮೆಯ ಊರುಗಳಲ್ಲಿ ಎತ್ತರದ ಹುಲ್ಲಿನ ಬೆಲೆಯನ್ನು ಜನಪದರು ಅಳೆದುದು ಬಳಕೆಯಿಂದ. ಗುಡಿಸಲಿನ ಹೊದಿಕೆ, ಪೊರಕೆ, ಹಗ್ಗ, ಮೇವುಗಳಿಗಾಗಿ ಕೊಯ್ಯುವ ಕುಡುಗೋಲೇ ಅದಕ್ಕೆ ಬೇಲಿಯಾಗಿತ್ತು.

ಕಾಳಿದಾಸನ ‘ಋತುಸಂಹಾರ’ದಲ್ಲಿ ಶರದೃತುವಿಗೆ ಉಡುಗೆಯಾದ ಕಾಶವು ನಮ್ಮ ದೇಶದ್ದೇ ತುರಾಯಿ ಹುಲ್ಲು. 1912ರಲ್ಲಿ ಸ್ಥಾಪನೆಯಾದ ಕೊಯಮತ್ತೂರಿನ ಕಬ್ಬು ತಳಿ ಸಂಸ್ಥೆಯು ಇದನ್ನು ಕಬ್ಬಿನೊಡನೆ ಸಂಕರಗೊಳಿಸಿ ಗಟ್ಟಿ ತಳಿಗಳನ್ನು ರೂಪಿಸಿತು. ಇದೇ ಕಾಶವು ಪನಾಮಾ ಕಾಲುವೆಯ ಸುತ್ತಲಿನ ಪ್ರದೇಶದಲ್ಲಿ ಕಾಡು ಮರಳಿ ಬೆಳೆಯದಂತೆ ತಡೆಯುವ ಕಳೆಯಾಗಿದೆ.

ದಕ್ಷಿಣ ಅಮೆರಿಕದ ಪಂಪಾಸ್ ಹುಲ್ಲು ಅಲಂಕಾರಕ್ಕೆಂದು ಕ್ಯಾಲಿಫೋರ್ನಿಯ, ನ್ಯೂಜಿಲೆಂಡ್‌ಗಳ ಉದ್ಯಾನಗಳನ್ನು ಸೇರಿತು. ಒಂದೇ ತುರಾಯಿಯಲ್ಲಿ ಲಕ್ಷದವರೆಗೆ ಬೀಜಗಳಿರಬಲ್ಲವು. ಗಾಳಿಯಲ್ಲಿ ತೇಲಿದ ಅವು ಬೇಲಿ ದಾಟಿ ನೆಲೆಯೂರಿದವು. ಉತ್ತರ ಆಫ್ರಿಕ ಮೂಲದ ಕಾರಂಜಿ ಹುಲ್ಲು ಹವಾಯಿಯಲ್ಲಿ ಕಾಳ್ಗಿಚ್ಚಿಗೆ ಉರುವಲಾಗಿದೆ.

ನಮ್ಮ ಕಾಡುಗಳನ್ನು ಮುತ್ತಿರುವ ಲಂಟಾನವೂ 19ನೆಯ ಶತಮಾನದಲ್ಲಿ ಹೂದೋಟದ ಗಿಡವಾಗಿಯೇ ಭಾರತಕ್ಕೆ ಬಂದಿತೆಂಬುದನ್ನು ಇಲ್ಲಿ ನೆನೆಯಬೇಕು. ಆದುದರಿಂದ ಹೊಸ ಹುಲ್ಲನ್ನು ಅಂಗಳಕ್ಕೆ ತರುವ ಮುನ್ನ ಎರಡು ಪ್ರಶ್ನೆಗಳು ಅಗತ್ಯ: ಅದರ ಬೀಜ ಎಲ್ಲಿಗೆ ಹೋಗುತ್ತದೆ? ಅದನ್ನು ಕೊಯ್ಯುವವರು ಯಾರು? ಎರಡನೆಯ ಪ್ರಶ್ನೆಗೆ ಉತ್ತರವಿರುವುದು ಹಳ್ಳಿಯ ಹಿರಿಯರ ಬಳಕೆಯ ಅರಿವಿನಲ್ಲಿ. ಕುಡುಗೋಲು ಮೂಲೆ ಸೇರುತ್ತಿರುವ ಈ ಹೊತ್ತಿನಲ್ಲಿ ಆ ಅರಿವನ್ನು ದಾಖಲಿಸುವುದು ಜಾನಪದ ಅಧ್ಯಯನದ ಹೊಣೆಯೆನ್ನಬೇಕು.