ಮೇಲಧಿಕಾರಿ ಯಾರಿಗೆ ಉತ್ತರದಾಯಿ? ಅಧಿಕಾರ ಶ್ರೇಣಿ ಮತ್ತು ಅದರ ಪರ್ಯಾಯಗಳು

ಕಚೇರಿಯ ಗೋಡೆಯ ಮೇಲಿನ ಆಡಳಿತ ನಕ್ಷೆಗಳಲ್ಲಿ ಅಧ್ಯಕ್ಷರ ಚೌಕ ಮೇಲ್ತುದಿಯಲ್ಲಿಯೂ ಕಾರ್ಮಿಕರ ಚೌಕಗಳು ತಳದಲ್ಲಿಯೂ ಇರುವುದು ವಾಡಿಕೆ. ಆದರೆ ಇಂತಹ ನಕ್ಷೆಗಳಲ್ಲಿ ಮೊದಲನೆಯದೆಂದು ಸಾಮಾನ್ಯವಾಗಿ ಗುರುತಿಸಲಾಗುವ, ಅಮೆರಿಕದ ನ್ಯೂಯಾರ್ಕ್ ಮತ್ತು ಈರಿ ರೈಲು ಕಂಪನಿಯ 1855ರ ನಕ್ಷೆ ಹೀಗಿರಲಿಲ್ಲ. ಅದನ್ನು ಒಂದು ಗಿಡದಂತೆ ಬರೆಯಲಾಗಿತ್ತು. ನಿರ್ದೇಶಕ ಮಂಡಳಿ ಮತ್ತು ಅಧ್ಯಕ್ಷರು ಬುಡದಲ್ಲಿದ್ದರು. ವಿಭಾಗಗಳೂ ನಿಲ್ದಾಣಗಳೂ ಅಲ್ಲಿಂದ ಕೊಂಬೆಗಳಾಗಿ ಹರಡಿದ್ದವು.

ನಕ್ಷೆಯ ಹಿಂದಿದ್ದ ಡೇನಿಯಲ್ ಮೆಕಲಮ್ ಆ ರೈಲುಮಾರ್ಗದ ಪ್ರಧಾನ ಅಧೀಕ್ಷಕ. ಅವನ ಮುಂದಿದ್ದ ಪ್ರಶ್ನೆ ಸರಳವಾದದ್ದು. 50 ಮೈಲಿಯ ಮಾರ್ಗವನ್ನು ಒಬ್ಬ ಅಧಿಕಾರಿ ಖುದ್ದಾಗಿ ನೋಡಿಕೊಳ್ಳಬಲ್ಲ. ಪ್ರತಿಯೊಬ್ಬ ನೌಕರನ ಮುಖಪರಿಚಯವೂ ಅವನಿಗೆ ಇರುತ್ತದೆ. 500 ಮೈಲಿಯ ಮಾರ್ಗದಲ್ಲಿ ಇದು ಅಸಾಧ್ಯ. ಆದ್ದರಿಂದ ದಿನನಿತ್ಯದ ನಿರ್ಧಾರಗಳನ್ನು ವಿಭಾಗಾಧಿಕಾರಿಗಳಿಗೇ ಬಿಟ್ಟು, ಮೇಲಿನವರಿಗೆ ಕ್ರಮಬದ್ಧ ವರದಿಗಳು ತಲಪುವ ಏರ್ಪಾಡನ್ನು ಆತ ರೂಪಿಸಿದ. ಅಂದರೆ ಅಧಿಕಾರ ಶ್ರೇಣಿಯು ಇಲ್ಲಿ ದರ್ಪದ ಸಾಧನವಾಗಿ ಅಲ್ಲ, ಮಾಹಿತಿಯನ್ನು ಸಾಗಿಸುವ ಸಾಧನವಾಗಿ ಬಂದಿತು. ಈ ಮೂಲ ಉದ್ದೇಶ ಮರೆತುಹೋದಾಗಲೇ ತೊಂದರೆ ಆರಂಭವಾಗುತ್ತದೆ. ಕೈಗಾರಿಕಾ ಪ್ರದೇಶಗಳ ಸಣ್ಣ ಘಟಕಗಳಲ್ಲಿ ಇದರ ತದ್ವಿರುದ್ಧ ರೂಪವೂ ಉಂಟು: ಹತ್ತು ಜನರಿದ್ದಾಗ ಮಾಲೀಕರೇ ಸಹಿ ಹಾಕುತ್ತಿದ್ದ ಪ್ರತಿಯೊಂದು ಖರೀದಿ ಚೀಟಿಯೂ ನೂರು ಜನರಾದ ಮೇಲೂ ಅವರ ಮೇಜಿಗೇ ಬಂದು ಕಾಯುತ್ತಿರುತ್ತದೆ. ಯಂತ್ರ ನಿಂತಿರುವ ಸಂಗತಿ ಮಾತ್ರ ಅಲ್ಲಿಗೆ ತಡವಾಗಿ ಮುಟ್ಟುತ್ತದೆ.

ಶ್ರೇಣಿಯನ್ನು ತೆಗೆದುಹಾಕಿದರೆ ಇದು ಪರಿಹಾರವಾಗುವುದೇ? ತೆಗೆದುಹಾಕಿದ್ದೇವೆ ಎಂದು ಹೇಳಿಕೊಂಡ ಸಂಸ್ಥೆಗಳನ್ನು ಹತ್ತಿರದಿಂದ ಪರಿಶೀಲಿಸಿದರೆ, ಅವು ಬದಲಾಯಿಸಿರುವುದು ಮೆಟ್ಟಿಲುಗಳ ಸಂಖ್ಯೆಯನ್ನಲ್ಲ, ಮೇಲಿನ ಮೆಟ್ಟಿಲಿನಲ್ಲಿರುವವನು ಯಾರಿಗೆ ಲೆಕ್ಕ ಒಪ್ಪಿಸಬೇಕೆಂಬುದನ್ನು ಎಂಬುದು ಕಂಡುಬರುತ್ತದೆ.

ಬೆಂಗಳೂರಿನಲ್ಲಿ ಮೊದಲಾದ ಪ್ರಯೋಗ

ಇದಕ್ಕೆ ದೂರದ ಉದಾಹರಣೆ ಬೇಕಿಲ್ಲ. 1936ರಲ್ಲಿ ಮುಂಬಯಿಯಲ್ಲಿ ಆರಂಭವಾಗಿ ಅನಂತರ ಕಾಫಿ ಮಂಡಳಿಯ ಆಡಳಿತಕ್ಕೆ ಒಳಪಟ್ಟಿದ್ದ ಕಾಫಿ ಹೌಸ್‌ಗಳನ್ನು ಮುಚ್ಚಲು 1950ರ ದಶಕದ ಮಧ್ಯಭಾಗದಲ್ಲಿ ಮಂಡಳಿ ತೀರ್ಮಾನಿಸಿತು. ಕೆಲಸ ಕಳೆದುಕೊಳ್ಳಲಿದ್ದ ನೌಕರರು ಕಮ್ಯುನಿಸ್ಟ್ ನಾಯಕ ಎ. ಕೆ. ಗೋಪಾಲನ್ ಅವರ ಮಾರ್ಗದರ್ಶನದಲ್ಲಿ ಸಹಕಾರ ಸಂಘಗಳನ್ನು ಕಟ್ಟಿಕೊಂಡರು. ಅವುಗಳಲ್ಲಿ ಮೊದಲನೆಯದು 1957ರ ಆಗಸ್ಟ್ 19ರಂದು ಬೆಂಗಳೂರಿನಲ್ಲಿ ಸ್ಥಾಪನೆಯಾಯಿತು. ಅದೇ ವರ್ಷ ದೆಹಲಿಯಲ್ಲಿಯೂ 1958ರಲ್ಲಿ ತ್ರಿಶ್ಶೂರಿನಲ್ಲಿಯೂ ಸಂಘದ ಕಾಫಿ ಹೌಸ್‌ಗಳು ತೆರೆದವು.

ಕಾಫಿ ಹೌಸ್‌ನ ಒಳಗೆ ಶ್ರೇಣಿ ಇಲ್ಲವೆಂದು ಯಾರೂ ಹೇಳಲಾರರು. ಅಡಿಗೆಯವರು, ಮಾಣಿಗಳು, ವ್ಯವಸ್ಥಾಪಕರು ಎಲ್ಲರಿಗೂ ಅವರವರ ಸ್ಥಾನವಿದೆ. ಗರಿಗರಿಯಾದ ಪೇಟವಂತೂ ಗ್ರಾಹಕರಿಗೆಲ್ಲ ಚಿರಪರಿಚಿತ. ಆದರೆ ಸಂಘದ ಸರ್ವಸದಸ್ಯರ ಸಭೆಯಲ್ಲಿ ಬಟ್ಟಲು ತೊಳೆಯುವ ಸದಸ್ಯನ ಮತಕ್ಕೂ ವ್ಯವಸ್ಥಾಪಕರ ಮತಕ್ಕೂ ಒಂದೇ ಬೆಲೆ. ಬೆಳಿಗ್ಗೆ ಆಜ್ಞೆ ಪಾಲಿಸಿದವನೇ ಚುನಾವಣೆಯ ದಿನ ಆಡಳಿತ ಮಂಡಳಿಯನ್ನು ಆರಿಸುತ್ತಾನೆ. ಈ ಮಾದರಿಯ ಮಿತಿ ಬಂಡವಾಳದಲ್ಲಿದೆ. ಸದಸ್ಯರ ಷೇರು ಹಣದಿಂದ ನಡೆಯುವ ಸಂಘವು ಹೊರಗಿನ ಹೂಡಿಕೆದಾರರನ್ನು ಕರೆತರಲಾಗದು. ನಗರದ ಮಧ್ಯದಲ್ಲಿ ಜಾಗದ ಬೆಲೆ ಗಗನಕ್ಕೇರಿದಾಗ ಅದರ ಕೈ ಕಟ್ಟಿದಂತಾಗುತ್ತದೆ. ಮಹಾತ್ಮ ಗಾಂಧಿ ರಸ್ತೆಯಲ್ಲಿದ್ದ ಕಾಫಿ ಹೌಸ್ 2009ರಲ್ಲಿ ಚರ್ಚ್ ಸ್ಟ್ರೀಟ್‌ಗೆ ಸ್ಥಳಾಂತರಗೊಂಡುದನ್ನು ನಗರದ ಹಳಬರು ಮರೆತಿಲ್ಲ.

ಮೊಂಡ್ರಾಗಾನ್: ಗೆಲುವು ಮತ್ತು ಬಿರುಕು

ಭಾರೀ ಉದ್ದಿಮೆಯಲ್ಲಿ ಇದೇ ತತ್ತ್ವವನ್ನು ಅನ್ವಯಿಸಿದ ಪ್ರಸಿದ್ಧ ನಿದರ್ಶನ ಸ್ಪೇನ್ ದೇಶದ ಬಾಸ್ಕ್ ಪ್ರಾಂತದ ಮೊಂಡ್ರಾಗಾನ್. 1941ರಲ್ಲಿ ಅಲ್ಲಿಗೆ ಬಂದ ಪಾದ್ರಿ ಹೊಸೆ ಮರಿಯ ಅರಿಸ್ಮೆಂದಿಯರ್ರಿಯೆತಾ ಎರಡು ವರ್ಷಗಳ ತರುವಾಯ ಒಂದು ತಾಂತ್ರಿಕ ಶಾಲೆಯನ್ನು ತೆರೆದರು. ಅವರ ಐವರು ಶಿಷ್ಯರು 1956ರಲ್ಲಿ ಉಲ್ಗೋರ್ ಎಂಬ ಕಾರ್ಖಾನೆಯನ್ನು ಸ್ಥಾಪಿಸಿ ಸೀಮೆಎಣ್ಣೆ ಒಲೆಗಳನ್ನು ತಯಾರಿಸತೊಡಗಿದರು. 1959ರಲ್ಲಿ ಸಹಕಾರಿಗಳಿಗೆಂದೇ ಒಂದು ಬ್ಯಾಂಕ್ ಹುಟ್ಟಿಕೊಂಡಿತು. ಕಾಫಿ ಹೌಸ್‌ಗಳಿಗೆ ದೊರೆಯದ ಬಂಡವಾಳದ ಬೆನ್ನೆಲುಬು ಇಲ್ಲಿ ದೊರೆಯಿತು.

ಅಲ್ಲಿ ಸದಸ್ಯ ಕಾರ್ಮಿಕರೆಲ್ಲರ ಮಹಾಸಭೆ ಆಡಳಿತ ಪರಿಷತ್ತನ್ನು ಚುನಾಯಿಸುತ್ತದೆ, ಪರಿಷತ್ತು ವ್ಯವಸ್ಥಾಪಕನನ್ನು ನೇಮಿಸುತ್ತದೆ. ನೇಮಕವಾದ ವ್ಯವಸ್ಥಾಪಕನಿಗೆ ಕಾರ್ಯನಿರ್ವಹಣೆಯಲ್ಲಿ ಪೂರ್ಣ ಅಧಿಕಾರವುಂಟು. ಪ್ರತಿ ನಿರ್ಧಾರಕ್ಕೂ ಕೈ ಎತ್ತಿಸುವ ಪದ್ಧತಿ ಇಲ್ಲ. ಆರಂಭದಲ್ಲಿ ಅತಿ ಹೆಚ್ಚಿನ ಮತ್ತು ಅತಿ ಕಡಿಮೆ ವೇತನದ ನಡುವಣ ಅಂತರವನ್ನು 3ಕ್ಕೆ 1ರಂತೆ ಮಿತಿಗೊಳಿಸಲಾಗಿತ್ತು. ಸಮರ್ಥ ಅಧಿಕಾರಿಗಳನ್ನು ಉಳಿಸಿಕೊಳ್ಳಲು ಈ ಮಿತಿಯನ್ನು ಮುಂದೆ ಸಡಿಲಿಸಬೇಕಾಯಿತು.

ಇಷ್ಟೆಲ್ಲ ಇದ್ದೂ 1974ರಲ್ಲಿ ಉಲ್ಗೋರ್‌ನಲ್ಲಿ ಮುಷ್ಕರ ನಡೆಯಿತು. ತಮ್ಮದೇ ಕಾರ್ಖಾನೆಯ ವಿರುದ್ಧ ಮಾಲೀಕರೇ ಮುಷ್ಕರ ಹೂಡಿದ ವಿಚಿತ್ರ ಪ್ರಸಂಗವಿದು. ಹುದ್ದೆಗಳ ದರ್ಜೆ ನಿಗದಿಯ ಬಗೆಗಿನ ಅಸಮಾಧಾನವೇ ಅದಕ್ಕೆ ಕಾರಣ. 17 ಮುಂದಾಳುಗಳನ್ನು ಸದಸ್ಯತ್ವದಿಂದ ಹೊರಹಾಕಲಾಯಿತು. ಕೆಲವು ವರ್ಷಗಳ ಬಳಿಕ ಅವರನ್ನು ಮರಳಿ ಬರಮಾಡಿಕೊಳ್ಳಲು ದಾರಿ ತೆರೆಯಲಾಯಿತು. ಆ ವೇಳೆಗೆ ಉಲ್ಗೋರ್‌ನಲ್ಲಿ 3,000ಕ್ಕೂ ಹೆಚ್ಚು ಜನರಿದ್ದರು. ಮತದ ಹಕ್ಕು ಕೈಯಲ್ಲಿದ್ದರೂ ಯಂತ್ರದ ಬಳಿಯ ಕಾರ್ಮಿಕನ ದನಿ ಪರಿಷತ್ತಿನ ಕೊಠಡಿಯವರೆಗೆ ಕೇಳಿಸುತ್ತಿರಲಿಲ್ಲ. ಮೆಕಲಮ್‌ನ 500 ಮೈಲಿಯ ಸಮಸ್ಯೆಯೇ ಇಲ್ಲಿ ಮತ್ತೆ ಎದುರಾಗಿತ್ತು. ಸಹಕಾರಿಗಳನ್ನು ಚಿಕ್ಕ ಗಾತ್ರದಲ್ಲಿ ಇರಿಸಬೇಕೆಂಬ ವಿವೇಕ ಆಮೇಲೆ ಮೂಡಿತು. ಉಲ್ಗೋರ್‌ನ ಉತ್ತರಾಧಿಕಾರಿಯಾದ ಗೃಹೋಪಕರಣ ಸಂಸ್ಥೆ ಫಾಗೋರ್ 2013ರಲ್ಲಿ ದಿವಾಳಿಯಾದಾಗ ಅದರ ಅನೇಕ ಸದಸ್ಯರಿಗೆ ಸೋದರ ಸಹಕಾರಿಗಳು ಕೆಲಸ ಒದಗಿಸಿದವು.

ಅಮೆರಿಕದಲ್ಲಿ 1958ರಲ್ಲಿ ಬಿಲ್ ಗೋರ್ ದಂಪತಿ ಆರಂಭಿಸಿದ ಗೋರ್ ಸಂಸ್ಥೆ ಗಾತ್ರದ ವಿಚಾರವನ್ನು ಮೊದಲೇ ಅರಿತಿತ್ತು. ಹುದ್ದೆಯ ಹೆಸರುಗಳಿಗೆ ಮಹತ್ವವಿಲ್ಲದ ಆ ಸಂಸ್ಥೆ, ಒಂದು ಘಟಕದಲ್ಲಿ ಜನ ಸುಮಾರು 200ನ್ನು ಸಮೀಪಿಸಿದರೆ ಮತ್ತೊಂದು ಘಟಕ ತೆರೆಯುವ ಪರಿಪಾಠವನ್ನು ಇಟ್ಟುಕೊಂಡಿತು. 2005ರಲ್ಲಿ ಅಲ್ಲಿ ಮುಖ್ಯಾಧಿಕಾರಿಯಾದ ಟೆರಿ ಕೆಲ್ಲಿ ಅವರ ಆಯ್ಕೆಗೆ ಮುನ್ನ, ಯಾರ ಹಿಂದೆ ನಡೆಯಲು ಇಷ್ಟವೆಂದು ಸಹೋದ್ಯೋಗಿಗಳನ್ನು ಕೇಳಲಾಗಿತ್ತು. ಮುಖ್ಯಾಧಿಕಾರಿಯ ಸ್ಥಾನವನ್ನು ಮಾತ್ರ ಅಲ್ಲಿಯೂ ರದ್ದುಮಾಡಿಲ್ಲ.

ನಮ್ಮ ಕಾನೂನಿನಲ್ಲಿ

ಸಹಕಾರ ಸಂಘವಾಗಿ ಮಾರ್ಪಡುವುದು ಖಾಸಗಿ ಉದ್ಯಮಿಗಳಿಗೆ ಕಾರ್ಯಸಾಧ್ಯವಲ್ಲ, ಬಹುಮಂದಿಗೆ ಇಷ್ಟವೂ ಇರಲಾರದು. ಆದರೆ ಕೆಳಗಿನ ಮಾತು ಮೇಲೇರುವ ಒಂದು ದಾರಿ ನಮ್ಮ ಕಾನೂನಿನಲ್ಲಿ ಬಹುಕಾಲದಿಂದ ಇದೆ. 100 ಅಥವಾ ಅದಕ್ಕಿಂತ ಹೆಚ್ಚು ಕಾರ್ಮಿಕರಿರುವ ಸಂಸ್ಥೆಗಳಲ್ಲಿ ಕಾರ್ಯ ಸಮಿತಿ ರಚಿಸುವಂತೆ ಸರ್ಕಾರ ಆದೇಶಿಸಬಹುದೆಂದು 1947ರ ಕೈಗಾರಿಕಾ ವಿವಾದಗಳ ಕಾಯಿದೆ ಹೇಳಿತು. 2020ರ ಕೈಗಾರಿಕಾ ಸಂಬಂಧಗಳ ಸಂಹಿತೆಯೂ ಇದನ್ನು ಉಳಿಸಿಕೊಂಡಿದೆ. ಸಮಿತಿಯಲ್ಲಿ ಕಾರ್ಮಿಕ ಪ್ರತಿನಿಧಿಗಳ ಸಂಖ್ಯೆ ಮಾಲೀಕರ ಪ್ರತಿನಿಧಿಗಳ ಸಂಖ್ಯೆಗಿಂತ ಕಡಿಮೆ ಇರುವಂತಿಲ್ಲ. 20 ಅಥವಾ ಹೆಚ್ಚು ಕಾರ್ಮಿಕರಿರುವಲ್ಲಿ ಕುಂದುಕೊರತೆ ನಿವಾರಣಾ ಸಮಿತಿಗೂ ಸಂಹಿತೆ ಅವಕಾಶ ಕಲ್ಪಿಸಿದೆ.

ಕಾರ್ಯ ಸಮಿತಿಗಳು ಅನೇಕ ಕಡೆ ಕಾಗದದಲ್ಲಿಯೇ ಉಳಿದುದಕ್ಕೆ ಕಾರಣಗಳಲ್ಲಿ ಒಂದು, ಅವುಗಳ ಮುಂದೆ ಬರುವ ವಿಷಯಗಳು. 1959ರಲ್ಲಿ ಭಾರತೀಯ ಕಾರ್ಮಿಕ ಸಮ್ಮೇಳನದ ಆಶ್ರಯದಲ್ಲಿ ಸಿದ್ಧವಾದ ಪಟ್ಟಿಯು ಗಾಳಿ, ಬೆಳಕು, ಕ್ಯಾಂಟೀನು, ಹಬ್ಬದ ರಜೆ ಮೊದಲಾದವನ್ನು ಸಮಿತಿಗೆ ಬಿಟ್ಟು, ವೇತನ, ಬೋನಸ್, ಕೆಲಸದ ಹೊರೆ ಇತ್ಯಾದಿಗಳನ್ನು ಹೊರಗಿರಿಸಿತು. ವೇತನದ ಮಾತುಕತೆ ಕಾರ್ಮಿಕ ಸಂಘದೊಡನೆ ನಡೆಯುವುದು ಸರಿಯೇ. ಆದರೆ ಯಾವ ಯಂತ್ರ ಪದೇ ಪದೇ ನಿಲ್ಲುತ್ತಿದೆ, ಯಾವ ಕಚ್ಚಾ ಸಾಮಗ್ರಿ ಕಳಪೆಯಾಗಿ ಬರುತ್ತಿದೆ, ಯಾವ ಸಹಿಗಾಗಿ ಎಷ್ಟು ಹೊತ್ತು ಕಾಯಬೇಕಾಗಿದೆ ಎಂಬುದನ್ನು ಅದೇ ಸಮಿತಿಯ ಕಾರ್ಯಸೂಚಿಯಲ್ಲಿ ಸೇರಿಸಲು ಮಾಲೀಕರಿಗೆ ಯಾವ ಅಡ್ಡಿಯೂ ಇಲ್ಲ.