ಹೊಸ್ತಿಲ ಮೇಲಿನ ತಾಮ್ರದ ತಗಡು

ಹುಮನಾಬಾದಿನ ನಮ್ಮ ಮನೆಯ ತಲೆಬಾಗಿಲಿಗೆ ಅಂಗೈ ಅಗಲದ ತಾಮ್ರದ ತಗಡೊಂದನ್ನು ಮೊಳೆ ಹೊಡೆದು ಕೂರಿಸಿದ್ದಾರೆ. ಅದರಲ್ಲಿ ಒಂಬತ್ತು ಮನೆ, ಒಂಬತ್ತು ಅಂಕಿ, ಸುತ್ತ ಒಂದಿಷ್ಟು ಅಕ್ಷರ. ಬರೆದುಕೊಟ್ಟವನು ಹೇಳಿದ್ದು, “ಇದು ಇರೋತನಕ ಯಾರ ಮಾಟಾನೂ ಈ ಹೊಸ್ತಿಲು ದಾಟಂಗಿಲ್ಲ.”

ಫ್ಯಾಂಟಸಿ ಗೇಮ್ ಆಡುವವರಿಗೆ ಇದು ಗೊತ್ತಿರುವ ಸಂಗತಿಯೇ. ಕಲ್ಲಿನಲ್ಲಿ ಸರಿಯಾದ ರೂನ್ ಅಕ್ಷರ ಕೆತ್ತಿದ್ದರೆ ಎಂಥ ಮಾಂತ್ರಿಕನ ಆಟವೂ ಅಲ್ಲಿ ನಡೆಯೋದಿಲ್ಲ. ನಮ್ಮ ಬೀದರ್, ಕಲಬುರಗಿ ಕಡೆ ಆ ಕೆಲಸ ತಗಡು, ತಾಯತ, ಗಂಡಾ-ದೋರಗಳದ್ದು. ಎದುರಾಳಿಯ ಹೆಸರು ಭಾನಾಮತಿ. ರಾತ್ರಿ ಮನೆ ಮೇಲೆ ಕಲ್ಲು ಬಿದ್ದರೂ ಅದೇ, ಇದ್ದಕ್ಕಿದ್ದಂತೆ ಬಟ್ಟೆಗೆ ಬೆಂಕಿ ಹತ್ತಿದರೂ ಅದೇ, ಹೆಣ್ಣುಮಗಳೊಬ್ಬಳು ನಾಯಿಯ ಹಾಗೆ ಬೊಗಳಿದರೂ ಅದೇ.

ನಮ್ಮನೆಗೆ ತಗಡು ಬಂದದ್ದು ಅಕ್ಕನ ಸಲುವಾಗಿ. ಅವಳನ್ನು ಬಸವಕಲ್ಯಾಣಕ್ಕೆ ಕೊಟ್ಟಿದ್ದೆವು. ಚೊಚ್ಚಲ ಹೆರಿಗೆಗೆ ತವರಿಗೆ ಬಂದಿದ್ದಳು. ಕೂಸು ಗುಂಡುಗುಂಡಗೆ ಇತ್ತು. ಇವಳಿಗೆ ಮಾತ್ರ ನಿದ್ದೆ ಇಲ್ಲ, ಊಟ ಸೇರದು, ಕೂಸು ಅತ್ತರೆ ಗೋಡೆ ಕಡೆ ಹೊರಳಿ ಮಲಗುತ್ತಿದ್ದಳು. ಒಂದಿನ “ಇದನ್ನ ಯಾರಿಗರೆ ಕೊಟ್ಟುಬಿಡ್ರಿ” ಅಂದಳು. ನಾನು ಹೈದರಾಬಾದಿನ ಆಫೀಸಿನಿಂದ ಫೋನ್ ಮಾಡಿ, “ರೆಸ್ಟ್ ತಗೋ ಅಕ್ಕ, ಸರಿ ಹೋಗ್ತದ” ಅಂತ ಹೇಳಿ ಇಟ್ಟುಬಿಡುತ್ತಿದ್ದೆ. ಓಣಿಯವರೊಬ್ಬರು “ಯಾರೋ ಮಾಡ್ಯಾರ” ಅಂದರು. ಅವ್ವ ಹೆದರಿದಳು. ತಗಡು ಬಂತು.

ಅದರ ಜೊತೆ ಎರಡು ಮಾತೂ ಬಂದವು. ಒಂದು, ಇದನ್ನ ಮಾಡಿಸಿದವಳು ಹತ್ತಿರದ ಸಂಬಂಧದ ಹೆಂಗಸು. ಇನ್ನೊಂದು, ಕಟ್ಟು ಬಿಗಿಯೋತನಕ ದವಾಖಾನಿ ಗುಳಿಗಿ ಮುಟ್ಟಬಾರದು. ಬಾಣಂತಿ ನೋಡಲು ಬಂದು “ಕೂಸು ಎಷ್ಟು ಚಂದ ಅದ” ಅಂದಿದ್ದ ಕಾಕು ಮೇಲೆ ಎಲ್ಲರ ಕಣ್ಣು ಹೋಯಿತು. ಕಾಕು ನಮ್ಮನೆಗೆ ಬರೋದು ನಿಂತಿತು.

ರಜೆಗೆ ಹೋದಾಗ ತಗಡಿನ ಅಂಕಿ ಓದಿದೆ. ಮೇಲಿನ ಸಾಲು 4, 9, 2. ನಡುವೆ 3, 5, 7. ಕೆಳಗೆ 8, 1, 6. ಅಡ್ಡ, ಉದ್ದ, ಮೂಲೆಯಿಂದ ಮೂಲೆಗೆ ಹೇಗೆ ಕೂಡಿಸಿದರೂ 15. ಒಂದರಿಂದ ಒಂಬತ್ತರವರೆಗಿನ ಅಂಕಿಗಳ ಒಟ್ಟು 45, ಮೂರು ಸಾಲಿಗೆ ಹಂಚಿದರೆ ತಲಾ 15. ಇಷ್ಟೇ ಗುಟ್ಟು. ಚೀನಾದಲ್ಲಿ ಇದನ್ನು ಲೋ ಶು ಅನ್ನುತ್ತಾರೆ. ಅರಬ್ಬೀ ತಾಯತಗಳಲ್ಲೂ ಇದೇ ಚೌಕ ಇದೆ. ಲೆಕ್ಕ ಚಂದ, ಆದರೆ ಬಾಣಂತಿಗೆ ನಿದ್ದೆ ತರಿಸುವ ಶಕ್ತಿ ಅದಕ್ಕಿಲ್ಲ.

ಅಕ್ಕನ ಸ್ಥಿತಿ ಗುರುತಿಸಿದ್ದು ಕೂಸಿನ 14ನೇ ವಾರದ ಲಸಿಕೆ ಹಾಕಿದ ಸಿಸ್ಟರ್. ಕೂಸಿಗಿಂತ ತಾಯಿಯನ್ನೇ ಹೆಚ್ಚು ಹೊತ್ತು ನೋಡಿ, “ರಾತ್ರಿ ನಿದ್ದಿ ಬರ್ತದೇನವ್ವಾ?” ಎಂದು ಕೇಳಿದರಂತೆ. ಅಕ್ಕ ಅಲ್ಲೇ ಅತ್ತುಬಿಟ್ಟಳು. ಮನೋವೈದ್ಯರು ಹೇಳಿದ್ದು, ಹೆರಿಗೆ ನಂತರದ ಖಿನ್ನತೆ. ಭಾರತದ ಹಲವು ಅಧ್ಯಯನಗಳನ್ನು ಒಟ್ಟುಗೂಡಿಸಿ 2017ರಲ್ಲಿ ಪ್ರಕಟವಾದ ವಿಶ್ಲೇಷಣೆಯ ಪ್ರಕಾರ, ಹೆತ್ತ 100 ತಾಯಂದಿರಲ್ಲಿ ಸುಮಾರು 22 ಮಂದಿಗೆ ಇದು ಕಾಡುತ್ತದೆ. ಅಷ್ಟು ಮನೆಗಳಿಗೂ ಮಾಟ ಮಾಡಿಸಲು ಎಷ್ಟು ಕಾಕುಗಳು ಬೇಕು?

ಈ ಪ್ರಶ್ನೆ ಹೊಸದಲ್ಲ. ಬೆಂಗಳೂರು ವಿಶ್ವವಿದ್ಯಾಲಯದ ಕುಲಪತಿಯಾಗಿದ್ದ ಡಾ. ಎಚ್. ನರಸಿಂಹಯ್ಯ 1976ರಲ್ಲೇ ಪವಾಡ, ಮೂಢನಂಬಿಕೆಗಳನ್ನು ಪರೀಕ್ಷಿಸಲು ಸಮಿತಿ ಮಾಡಿದ್ದರು. ಅದಕ್ಕೂ ಎಂಟು ಶತಮಾನ ಮೊದಲು, ಅಕ್ಕ ಸೇರಿದ ಅದೇ ಕಲ್ಯಾಣದಲ್ಲಿ ಶರಣರು ಶಕುನ, ಮುಹೂರ್ತ, ಕ್ಷುದ್ರ ದೈವಗಳ ಭಯವನ್ನು ಪ್ರಶ್ನಿಸಿದ್ದರು. ಈಗ ಕಾನೂನೂ ಇದೆ. ವಾಮಾಚಾರ ತಡೆ ಕಾಯ್ದೆ 2017ರದ್ದು, ಜಾರಿಗೆ ಬಂದದ್ದು 2020ರ ಜನವರಿಯಲ್ಲಿ. ಹಾವು, ಚೇಳು, ನಾಯಿ ಕಚ್ಚಿದಾಗ ಆಸ್ಪತ್ರೆಗೆ ಹೋಗದಂತೆ ತಡೆದು ಮಂತ್ರ ಹಾಕೋದು, ದಾರ ಕಟ್ಟೋದು ಅಪರಾಧ. ಶಿಕ್ಷೆ 1ರಿಂದ 7 ವರ್ಷ ಜೈಲು, 5,000ದಿಂದ 50,000 ರೂಪಾಯಿ ದಂಡ.

ಅವ್ವನ ನಂಬಿಕೆಯ ಜೊತೆ ನನಗೆ ಜಗಳ ಇಲ್ಲ. ತಾಯತ ಕಟ್ಟಿಕೊಂಡೇ ಆಸ್ಪತ್ರೆಗೆ ಹೋದರೆ ಯಾರಿಗೂ ನಷ್ಟ ಇಲ್ಲ. ಆದರೆ ಮಾಟ ತಡೆಯುವ ತಗಡು ಮಾರಬೇಕಾದರೆ ಮೊದಲು ಮಾಟ ಇದೆ ಅಂತ ನಂಬಿಸಬೇಕು, ಮಾಡಿಸಿದವಳೊಬ್ಬಳನ್ನು ತೋರಿಸಬೇಕು. ತಗಡಿನ ಜೊತೆ ನಾವು ಕೊಂಡದ್ದು ಅದನ್ನೇ. ಮೂರು ತಿಂಗಳ ಚಿಕಿತ್ಸೆ ತಪ್ಪಿತು, ಒಂದು ಸಂಬಂಧ ಮುರಿಯಿತು.

ನಿಮ್ಮ ಮನೆಯಲ್ಲೂ ಬಾಣಂತಿ ಮಂಕಾಗಿದ್ದರೆ, ನನ್ನ ಹಾಗೆ “ಸರಿ ಹೋಗ್ತದ” ಅಂತ ಫೋನ್ ಇಡಬೇಡಿ. ನಿದ್ದೆ ಬರುತ್ತಾ ಅಂತ ಕೇಳಿ. ಟೆಲಿ-ಮಾನಸ್ ಸಹಾಯವಾಣಿ 14416ಕ್ಕೆ ಕರೆ ಉಚಿತ, ಕನ್ನಡದಲ್ಲೇ ಮಾತಾಡಬಹುದು.

ಅಕ್ಕ ಈಗ ಬಸವಕಲ್ಯಾಣದಲ್ಲಿ ಮಗಳ ಹಿಂದೆ ಓಡಾಡಿಕೊಂಡಿದ್ದಾಳೆ. ತಗಡು ಇನ್ನೂ ಬಾಗಿಲಲ್ಲೇ ಇದೆ, ತೆಗೆಯಲು ಅವ್ವ ಒಪ್ಪಿಲ್ಲ. ಆದರೆ ಮಗುವಿನ ಜವಳಕ್ಕೆ ಕಾಕುಗೆ ಫೋನ್ ಮಾಡಿ ಕರೆದದ್ದು ಅವ್ವನೇ. ಕಾಕು ಬಂದರು. ಒಳಗೆ ಕಾಲಿಡುವ ಮುಂಚೆ ಒಂದು ಕ್ಷಣ ತಗಡಿನ ಕಡೆ ನೋಡಿದರು. ಅವ್ವ ತಾನೇ ಹೊಸ್ತಿಲ ಈಚೆ ಬಂದು ಅವರ ಕೈ ಹಿಡಿದು ಒಳಗೆ ಕರೆದುಕೊಂಡು ಹೋದಳು.